ಒಂದು ಸಲ ನಿಮ್ಮದು, ಒಂದು ಸಲ ನಮ್ಮದು

ಸ್ಕಾಟ್ಲೆಂಡಿನ ಬ್ಯೂಟ್‌ಶೈರ್ ಎಂಬ ಕೌಂಟಿಗೂ ನಮ್ಮೂರಿನ ಬಸ್‌ಸ್ಟಾಪಿಗೂ ಏನು ಸಂಬಂಧ ಎಂದು ಯಾರಾದರೂ ಕೇಳಿದರೆ, ಮೊದಲು ಕೂತುಕೊಳ್ಳಿ ಎನ್ನುತ್ತೇನೆ. ಮೊಳಕಾಲ್ಮುರು ಸೀರೆ ಮಾರಿ ಬದುಕು ಕಟ್ಟಿಕೊಂಡವನು ನಾನು. ಬಂದವರನ್ನು ಕೂರಿಸದೆ ಯಾವ ವ್ಯಾಪಾರವೂ ಕುದುರುವುದಿಲ್ಲ. ಇದನ್ನು ನೀವೂ ನೆನಪಿಟ್ಟುಕೊಂಡರೆ ಒಳ್ಳೆಯದು.

ನಾನೀಗ ಇರುವುದು ಚಳ್ಳಕೆರೆಯಲ್ಲಿ. ಹುಟ್ಟಿದ್ದು ಮೊಳಕಾಲ್ಮುರು ತಾಲ್ಲೂಕಿನ ಒಂದು ಮಗ್ಗದ ಊರಿನಲ್ಲಿ. ಚಳ್ಳಕೆರೆಯಿಂದ ಮೊಳಕಾಲ್ಮುರಿಗೆ ಹೋಗುವ ರಸ್ತೆಯಲ್ಲಿ ಮೊದಲು ಸಿಗುವುದು ಶೇಂಗಾ ಬೆಳೆಯುವವರ ಊರು, ಅದನ್ನು ದಾಟಿದ ಮೇಲೆ ನಮ್ಮೂರಿನ ಕ್ರಾಸು. ಎರಡೂ ಸೇರಿ ತಾಲ್ಲೂಕು ಪಂಚಾಯಿತಿಗೆ ಒಂದೇ ಸೀಟು. ಮೊದಲ ಸಲ ಎರಡೂ ಊರಿನವರು ಜಿದ್ದಿಗೆ ಬಿದ್ದು ನಿಂತರು. ಮತ ಹರಿದು ಹಂಚಿಹೋಗಿ, ಈ ಎರಡೂ ಊರಿನ ಹಾದಿ ಗೊತ್ತಿಲ್ಲದ ಒಬ್ಬ ಗೆದ್ದ. ಹಾರ ಹಾಕಿಸಿಕೊಂಡು ಹೋದವನು ಮತ್ತೆ ಮುಖ ತೋರಿಸಲಿಲ್ಲ.

ಆಗ ಸೀರೆ ಗಂಟು ಹೊತ್ತು ಎರಡೂ ಊರು ಸುತ್ತುತ್ತಿದ್ದವನು ನಾನೊಬ್ಬನೇ. ಎರಡೂ ಕಡೆ ಚಹಾ ಕುಡಿದು ಒಂದು ಮಾತು ಕುದುರಿಸಿದೆ: ಒಂದು ಸಲ ನಿಮ್ಮದು, ಒಂದು ಸಲ ನಮ್ಮದು. ಯಾರ ಸರದಿಯೋ ಆ ಊರಿನವರು ಮಾತ್ರ ನಿಲ್ಲಬೇಕು, ಇನ್ನೊಂದು ಊರು ಕಣ್ಣು ಮುಚ್ಚಿ ಮತ ಹಾಕಬೇಕು. ಮೀಸಲಾತಿ ಹೇಗೇ ಬರಲಿ, ಅದಕ್ಕೆ ತಕ್ಕವರನ್ನು ಆ ಊರಿನಲ್ಲೇ ಹುಡುಕಬೇಕು. ದೇವಸ್ಥಾನದ ಕಟ್ಟೆಯ ಮೇಲೆ ಎಲೆ ಅಡಿಕೆ ಹಂಚಿದೆವು, ಮುಗಿಯಿತು. ಅವರದಾಯಿತು, ನಮ್ಮದಾಯಿತು, ಮತ್ತೆ ಅವರದಾಯಿತು. ಒಬ್ಬರೂ ಮಾತು ಮುರಿಯಲಿಲ್ಲ.

ಮುಂದಿನದು ನಮ್ಮದು. ನಮ್ಮೂರಿನವರು ಒಮ್ಮತದಿಂದ ಆರಿಸಿದ್ದು ನನ್ನ ಅಕ್ಕನನ್ನು. ಅಕ್ಕನಿಗೆ ಆ ಕುರ್ಚಿಯ ಆಸೆ ಅಷ್ಟೇನಿರಲಿಲ್ಲ, ಬಸ್ಸಿನ ಆಸೆ ಇತ್ತು. ಶೇಂಗಾ ಊರಿನ ಮೆಂಬರ್ರು ತಮ್ಮ ಸರದಿಯಲ್ಲಿ ಊರ ಬಾಗಿಲಿಗೇ ತಂಗುದಾಣ ಕಟ್ಟಿಸಿಕೊಂಡು, ಖಾಸಗಿ ಬಸ್ಸು ಅಲ್ಲೇ ನಿಲ್ಲುವಂತೆ ಮಾಡಿಕೊಂಡಿದ್ದರು. ಅಲ್ಲಿ ನಿಂತ ಮೇಲೆ ಬಸ್ಸು ನಮ್ಮ ಕ್ರಾಸಿನಲ್ಲಿ ನಿಲ್ಲುತ್ತಿರಲಿಲ್ಲ. "ಎರಡು ಕಡೆ ನಿಲ್ಸಿದ್ರೆ ಹಿಂದಿನ ಬಸ್ಸಿನೋನು ನಮ್ಮ ಪ್ಯಾಸೆಂಜರ್ ಎಲ್ಲಾ ಎತ್ಕೊಂಡು ಹೋಗ್ತಾನೆ" ಎಂದು ಕಂಡಕ್ಟರ್ ಹಾರ್ನ್ ಹೊಡೆಸಿಕೊಂಡು ಹೋಗುತ್ತಿದ್ದ. ನೇಯ್ದ ಸೀರೆ ಹೊತ್ತು ಮೊಳಕಾಲ್ಮುರಿಗೆ ಹೋಗುವ ನಮ್ಮ ಹೆಂಗಸರು ಬಿಸಿಲಿನಲ್ಲಿ ಹಿಂದಕ್ಕೆ ಶೇಂಗಾ ಊರಿಗೆ ನಡೆದುಹೋಗಿ, ಬಸ್ಸು ಹತ್ತಿ, ತಮ್ಮೂರಿನ ಮುಂದೆಯೇ ಹಾದು ಹೋಗಬೇಕಿತ್ತು. ತಾನು ಗೆದ್ದ ದಿನವೇ ಬಸ್ಸು ನಮ್ಮ ಕ್ರಾಸಿನಲ್ಲಿ ನಿಲ್ಲುತ್ತದೆ ಎಂದು ಅಕ್ಕ ಆ ಹೆಂಗಸರಿಗೆಲ್ಲ ಮಾತು ಕೊಟ್ಟಿದ್ದಳು.

ಚುನಾವಣೆ ಇವತ್ತು ನಾಳೆ ಎಂದು ಮುಂದಕ್ಕೆ ಹೋಯಿತು. ಅಧಿಕಾರ ಮುಗಿದರೂ ಮೆಂಬರ್ರ ಬೈಕಿನ ಮೇಲಿನ 'ಸದಸ್ಯರು' ಅಳಿಯಲಿಲ್ಲ. ಕೊನೆಗೆ ಕ್ಷೇತ್ರಗಳನ್ನು ಹೊಸದಾಗಿ ಗೆರೆ ಎಳೆದು ಪಟ್ಟಿ ಹಾಕಿದರು. ನೋಡಿದರೆ ನಮ್ಮ ಕ್ಷೇತ್ರವೇ ಇಲ್ಲ. ಅವರ ಊರನ್ನು ಒಂದು ದೊಡ್ಡ ಊರಿನ ಬಾಲಕ್ಕೆ ಕಟ್ಟಿದ್ದರು, ನಮ್ಮದನ್ನು ಇನ್ನೊಂದರ ಬಾಲಕ್ಕೆ.

ಸುದ್ದಿ ತಂದವಳು ಅಕ್ಕನ ಮಗಳು. ಚಳ್ಳಕೆರೆಯ ಕಾಲೇಜೊಂದರಲ್ಲಿ ಇತಿಹಾಸ ಪಾಠ ಮಾಡುತ್ತಾಳೆ. ಅವ್ವನ ಮುಖ ನೋಡಿ ಸಮಾಧಾನ ಹೇಳಲು ಹೊರಟಳು. ಮೇಷ್ಟ್ರ ಸಮಾಧಾನ ಎಂದರೆ ಇನ್ನೊಂದು ಪಾಠ ತಾನೇ?

"ಅವ್ವಾ, ಸ್ಕಾಟ್ಲೆಂಡ್‌ನಾಗೂ ಹಿಂಗೇ ಇತ್ತು. ಬ್ಯೂಟ್‌ಶೈರ್ ಅಂತ ದ್ವೀಪಗಳ ಕೌಂಟಿ ಒಂದು, ಕೇತ್‌ನೆಸ್ ಅಂತ ಇನ್ನೊಂದು. ಎರಡಕ್ಕೂ ಸೇರಿ ಪಾರ್ಲಿಮೆಂಟಿನಾಗೆ ಒಂದೇ ಸೀಟು. ಒಂದು ಪಾರ್ಲಿಮೆಂಟಿಗೆ ಇವರು, ಮುಂದಿನದಕ್ಕೆ ಅವರು."

ಅಕ್ಕ ಮಗ್ಗದ ಗುಂಡಿಯಲ್ಲಿ ಕಾಲು ಇಳಿಬಿಟ್ಟು ಲಾಳಿ ಆಡಿಸುತ್ತಲೇ ಕೇಳಿದಳು. "ಅಕ್ಕಪಕ್ಕದ ಊರಾ?"

"ಎಲ್ಲಿ ಬಂತು! ಒಂದು ಪಡುವಣದ ಕಡಲಾಗೆ, ಇನ್ನೊಂದು ಉತ್ತರದ ತುದೀಲಿ."

"ಹಂಗಾದ್ರೆ ಜಗಳಾನೂ ಆಡಾಕಾಗಲ್ಲ. ಪಾಪ."

ನನ್ನ ಕಿವಿ ನಿಮಿರಿತು. ನಾನು ಕಟ್ಟೆಯ ಮೇಲೆ ಕುದುರಿಸಿದ್ದನ್ನು ಬಿಳಿಯರು ಕಾನೂನೇ ಮಾಡಿಕೊಂಡಿದ್ದರಲ್ಲ! "ನೋಡಕ್ಕಾ, ನಿನ್ನ ತಮ್ಮನ ತಲೆ ಎಲ್ಲೆಲ್ಲಿ ಓಡೈತೆ" ಎಂದೆ. ಅಕ್ಕ ನನ್ನ ಕಡೆ ತಿರುಗಲಿಲ್ಲ. "ಒಬ್ರ ಸರದೀಲಿ ಆ ಪಾರ್ಲಿಮೆಂಟು ಬೇಗ ಮುಗಿದ್ಹೋದ್ರೆ?" ಎಂದು ಮಗಳನ್ನು ಕೇಳಿದಳು.

"ಹೋಯ್ತು, ಅಷ್ಟೇ. ರಾಜ ಸತ್ರೂ ಪಾರ್ಲಿಮೆಂಟ್ ಮುಗೀತಿತ್ತು. ಇನ್ನೊಬ್ರ ಸರದಿ ಶುರು."

"ಯಾರೋ ರಾಜ ಸತ್ರೆ ನನ್ನ ಸರದಿ ಯಾಕೋಗ್ಬೇಕು?"

ಇಲ್ಲೊಂದು ಬುದ್ಧಿಮಾತು ಬರೆದುಬಿಡುತ್ತೇನೆ. ಉದ್ದ ಎಷ್ಟು ಎಂಬುದು ಮೂರನೆಯವರ ಕೈಯಲ್ಲಿರುವ ವಸ್ತುವನ್ನು ಸರದಿಯ ಮೇಲೆ ಹಂಚಿಕೊಳ್ಳಬೇಡಿ. ಸೀರೆಯನ್ನು ಮೊಳ ಹಾಕಿ ಹಂಚಬಹುದು, ಪಾರ್ಲಿಮೆಂಟನ್ನು ಯಾವ ಮೊಳದಲ್ಲಿ ಅಳೆಯುತ್ತೀರಿ?

ಬ್ಯೂಟಿನ ಒಂದು ಚುನಾವಣೆಗೆ ಮತದಾರ ಅಂತ ಒಬ್ಬನೇ ಬಂದಿದ್ದ ಕಥೆಯನ್ನೂ ಹೇಳಿದಳು ಹುಡುಗಿ. ಆಗ ಭೂಮಿಯ ಹಕ್ಕುಳ್ಳ ಕೆಲವರಿಗೆ ಮಾತ್ರ ಮತವಂತೆ. ಬಂದವನು ತಾನೇ ಅಧ್ಯಕ್ಷನಾಗಿ ಕೂತ, ತನ್ನ ಹೆಸರನ್ನು ತಾನೇ ಸೂಚಿಸಿದ, ತಾನೇ ಅನುಮೋದಿಸಿದ, ಮತಕ್ಕೆ ಹಾಕಿ ಸರ್ವಾನುಮತದಿಂದ ತಾನೇ ಗೆದ್ದ.

ಲಾಳಿ ನಿಂತಿತು. ಅಕ್ಕ ಸೆರಗಿನಿಂದ ಕಣ್ಣೊರೆಸಿಕೊಂಡು ನಕ್ಕಳು. "ಹೆಂಡ್ರನ್ನ ಮನೇಲಿ ಬಿಟ್ಟು ಬಂದಿದ್ದ ಕಾಣ್ತೈತೆ. ಕರ್ಕೊಂಡು ಬಂದಿದ್ರೆ ಅವಿರೋಧ ಹೆಂಗಾಗ್ತಿತ್ತು?"

ಆಮೇಲೆ ಸುಧಾರಣೆಯ ಕಾಯ್ದೆ ಬಂದು ಸರದಿ ನಿಂತು, ಬ್ಯೂಟಿಗೆ ತನ್ನದೇ ಪೂರ್ತಿ ಸೀಟು ಸಿಕ್ಕಿತಂತೆ. ಕೆಲವು ತಲೆಮಾರು ಅದನ್ನು ಅನುಭವಿಸಿದರಂತೆ. ಕೊನೆಗೆ ಅದನ್ನೂ ತೆಗೆದು ಎದುರು ದಡದ ಬೇರೆ ಕೌಂಟಿಯ ಒಂದು ತುಂಡಿಗೆ ಅಂಟಿಸಿದರಂತೆ. ಸೀಟಿನ ಹೆಸರಿನಲ್ಲಿ ಮಾತ್ರ 'ಬ್ಯೂಟ್' ಅಂತ ಒಂದು ಪದ ಉಳಿಯಿತಂತೆ.

"ಅವರ ಹೆಸರಾದ್ರೂ ಉಳೀತು" ಎಂದಳು ಅಕ್ಕ. ಈ ಸಲ ನಗಲಿಲ್ಲ. "ಬಸ್ ಮಾತು ಕೊಟ್ಟೋಳು ನಾನು. ಪಟ್ಟಿ ಹಾಕಿದೋರಲ್ಲ."

ಮಾರನೆಯ ಬೆಳಿಗ್ಗೆ ನಾನು ಮುಂದೆ, ಅಕ್ಕ ಹಿಂದೆ ಶೇಂಗಾ ಊರಿಗೆ ಹೋದೆವು. ದಾರಿಯುದ್ದಕ್ಕೂ ಹೇಳಿಕೊಟ್ಟೆ. ಮೊದಲು ಬಸ್ಸಿನ ಮಾತು ಎತ್ತಬೇಡ, ಮಳೆ ಬೆಳೆ ವಿಚಾರಿಸು, ಕೇಳುವಾಗ ಬೇಕಾದ್ದಕ್ಕಿಂತ ದೊಡ್ಡದು ಕೇಳು, ಅವರು ಬೇಡ ಎಂದರೆ ಎದ್ದು ಹೊರಟಹಾಗೆ ಮಾಡು. "ಅಯ್ಯೋ ಸುಮ್ನೆ ನಡಿಯೋ" ಎಂದಳು.

ತಂಗುದಾಣದಲ್ಲಿ ಮೆಂಬರ್ರು ನಾಲ್ಕಾರು ಹಿರಿಯರ ನಡುವೆ ಕೂತಿದ್ದರು. ನಾನು ಮಳೆಯಿಂದ ಶುರು ಮಾಡಿ ಸ್ಕಾಟ್ಲೆಂಡಿಗೆ ಬಂದೆ. ಬಹಳ ಘನವಾಗಿಯೇ ಹೇಳಿದೆ. ಮೆಂಬರ್ರು ಗಮನವಿಟ್ಟು ಕೇಳಿ, "ಅದು ಯಾವ ಹೋಬಳಿಗೆ ಬರುತ್ತೆ ಯಜಮಾನ್ರೇ?" ಎಂದರು. ಹಿರಿಯರು ಎಲೆ ಅಡಿಕೆ ಉಗುಳಿ ಬಂದು ನಕ್ಕರು. ನಾನು ಎದ್ದು ಹೊರಟಹಾಗೆ ಮಾಡಿದೆ. ಯಾರೂ ಕರೆಯಲಿಲ್ಲ. ಹೀಗಾದರೆ ಚಪ್ಪಲಿ ಸರಿಮಾಡಿಕೊಳ್ಳುವವರ ಹಾಗೆ ಬಗ್ಗಿ ವಾಪಸು ಕೂರಬೇಕು. ಕೂತೆ.

ಅಕ್ಕ ನಿಂತೇ ಕೇಳಿದಳು. "ಮೆಂಬರ್ರೇ, ಒಂದೇ ಮಾತು. ಚುನಾವಣೆ ಆಗಿದ್ರೆ ಈ ಸಲ ಯಾರ ಸರದಿ?"

"ಸೀಟೇ ಇಲ್ವಲ್ಲಕ್ಕಾ."

"ಸೀಟು ಕೇಳಲಿಲ್ಲ. ಸರದಿ ಕೇಳಿದೆ."

ಮೆಂಬರ್ರು ಹಿರಿಯರ ಮುಖ ನೋಡಿದರು. ಎಲೆ ಅಡಿಕೆ ಹಂಚಿದ ದಿನ ಕಟ್ಟೆಯ ಮೇಲೆ ಕೂತಿದ್ದವರೇ ಅವರು. "ನಿಮ್ದೇ" ಎನ್ನದೆ ವಿಧಿಯಿರಲಿಲ್ಲ.

"ಸೀಟು ತಗೊಂಡೋರು ಸರ್ಕಾರದೋರು. ಸರದಿ ಕೊಟ್ಟೋರು ನೀವು. ನೀವು ವಾಪಸ್ ತಗೊಂಡಿಲ್ಲ ಅಲ್ವಾ?"

"ಛೆ ಛೆ, ಆಡಿದ ಮಾತು ವಾಪಸ್ ತಗೊಂತೀವಾ!"

"ಹಂಗಾದ್ರೆ ನನ್ನ ಸರದಿ ನಡೀತೈತೆ. ಬಸ್ಸು ನಮ್ಮ ಕ್ರಾಸಿಗೆ ಬರ್ಲಿ."

ಮೆಂಬರ್ರು ಒಮ್ಮೆಗೇ ಸೀಟಿನಿಂದ ಎದ್ದರು. "ಕಟ್ಟಿಸಿರೋ ತಂಗುದಾಣದಾಗೆ ದನ ಕಟ್ಲಾ ಅಕ್ಕಾ?" ಅಲ್ಲಿಂದ ಒಂದು ಗದ್ದಲ ಎದ್ದಿತು. ನನಗೆ ಇಂಥ ಗದ್ದಲ ಎಂದರೆ ಊಟ. ನಡುವೆ ತಲೆ ತೂರಿಸಿ ಹೇಳಿದೆ, ಒಂದು ವಾರ ಅಲ್ಲಿ, ಒಂದು ವಾರ ಇಲ್ಲಿ. ಅಕ್ಕ ಒಪ್ಪಲಿಲ್ಲ. "ಸೀರೆ ಮಗ್ಗದಿಂದ ಇಳಿಯೋದು ವಾರ ನೋಡ್ಕೊಂಡಲ್ಲ. ಒಂದು ದಿನ ನಿಮ್ಮದು, ಒಂದು ದಿನ ನಮ್ದು. ಬಸ್ಸು ಬರದ ದಿನ ಲೆಕ್ಕಕ್ಕಿಲ್ಲ. ಆ ಸರದಿ ಹಂಗೇ ಉಳೀಬೇಕು." ಸತ್ತ ರಾಜನನ್ನು ಅವಳು ಮರೆತಿರಲಿಲ್ಲ. ಹಿರಿಯರು ತಲೆಯಾಡಿಸಿದರು, ಮೆಂಬರ್ರೂ ಒಪ್ಪಬೇಕಾಯಿತು.

ಅಷ್ಟರಲ್ಲಿ ಬಸ್ಸೇ ಬಂತು. ವಿಷಯ ಕೇಳಿ ಕಂಡಕ್ಟರ್ ತಲೆ ಕೆರೆದುಕೊಂಡ. "ಯಾವ ದಿನ ಎಲ್ಲಿ ಅಂತ ಡ್ರೈವರ್ ಹೆಂಗೆ ನೆನಪಿಟ್ಕೊಂತಾನೆ?"

"ನೆನಪ್ಯಾಕೆ? ನಮ್ಮ ದಿನ ನಾವು ರಸ್ತೆ ಮಧ್ಯ ನಿಂತಿರ್ತೀವಿ" ಎಂದಳು ಅಕ್ಕ.

ಮಾರನೆಯ ದಿನ ನಮ್ಮದು. ನೋಡದೆ ಇರಲಾದೀತೇ, ನಾನೂ ಕ್ರಾಸಿಗೆ ಹೋದೆ. ಹೆಂಗಸರು ಹೇಳಿದಂತೆಯೇ ರಸ್ತೆ ಮಧ್ಯ ನಿಂತಿದ್ದರು. ಬಸ್ಸು ಶೇಂಗಾ ಊರನ್ನು ಹಾರ್ನ್ ಹೊಡೆದು ದಾಟಿ ಬಂದು ನಮ್ಮ ಮುಂದೆ ನಿಂತಿತು. ಗಂಟುಗಳು ಹತ್ತಿದವು, ಹೆಂಗಸರು ಹತ್ತಿದರು. ಕೊನೆಯಲ್ಲಿ ಬಿಸಿಲಿನಲ್ಲಿ ನಡೆದು ಬಂದು ಬೆವೆತುಹೋಗಿದ್ದ ಮೆಂಬರ್ರೂ ಹತ್ತಿದರು. ಅವರಿಗೆ ಮೊಳಕಾಲ್ಮುರಿನಲ್ಲಿ ಏನೋ ಕೆಲಸವಿತ್ತಂತೆ, ಬೈಕು ಮಗ ಒಯ್ದಿದ್ದನಂತೆ.

"ಒಂಚೂರು ಸರೀರಿ ಅಕ್ಕಾರೇ."

"ನಾಳೆ ಕೂತ್ಕೊಳ್ರಿ ಮೆಂಬರ್ರೇ. ಇವತ್ತು ನಮ್ದು."

ಬಸ್ಸೆಲ್ಲ ನಕ್ಕಿತು, ಅವರೂ ನಕ್ಕರು. ಸ್ವಲ್ಪ ದೂರ ಹೋದ ಮೇಲೆ ಅಕ್ಕ ಗಂಟನ್ನು ತೊಡೆಯ ಮೇಲೆ ಎಳೆದುಕೊಂಡು ಸೀಟಿನ ತುದಿಯಲ್ಲಿ ಒಂದಿಷ್ಟು ಜಾಗ ಬಿಟ್ಟಳು. ಮೆಂಬರ್ರು ಅರ್ಧ ಕೂತರು, ಅರ್ಧ ತೂಗಾಡಿದರು.

ಅವರ ಜೊತೆಗೇ ಹತ್ತಿದ್ದ ನಾನು ಕಂಬ ಹಿಡಿದು ನಿಂತೇ ಇದ್ದೆ. "ಅಕ್ಕಾ, ಈ ಒಪ್ಪಂದ ಮಾಡಿಸಿದ ನಂಗೂ ಒಂಚೂರು ಜಾಗ" ಎಂದೆ.

ಅಕ್ಕ ಕಿಟಕಿಯ ಆಚೆ ನೋಡುತ್ತ ಹೇಳಿದಳು. "ನೀನು ಚಳ್ಳಕೆರೆಯೋನು. ನಿಂಗೆ ಯಾವ ಸರದೀನೂ ಇಲ್ಲ."