ಏಳನೆಯ ಬಾಗಿಲಿನ ಗಾರೆ

ಸೂರ್ಯ ಹುಟ್ಟುವ ಹೊತ್ತಿಗೆ ಆಕೆ ಗೋಡೆಗೆ ಕೆನ್ನೆ ತಾಗಿಸಿ, ಒಂದು ಕಣ್ಣು ಮುಚ್ಚಿ ನಿಂತಿದ್ದಾರೆ. ಪಕ್ಕದಲ್ಲಿ ಕ್ಯಾಮೆರಾ. ಎಳೆಬಿಸಿಲು ಗೋಡೆಯನ್ನು ಸವರಿಕೊಂಡು ಬರುವ ಹನ್ನೆರಡು ನಿಮಿಷ ಮಾತ್ರ ಅಲ್ಲೊಂದು ಬಾಗಿಲಿನ ಅಂಚು ಕಾಣಿಸುತ್ತದೆ. ಆಮೇಲೆ ಎಷ್ಟು ಕಣ್ಣರಳಿಸಿದರೂ ಬರೀ ಗೋಡೆ.

ಇದು ಕಂಪನಿಯವರು ವ್ಯಾಪಾರಕ್ಕೆಂದು ಹಡಗಿನಿಂದ ಇಳಿದ ಹೊಸತರಲ್ಲಿ ಕಟ್ಟಿಸಿದ ಉಗ್ರಾಣ. ಅವರದೇ ಗುಮಾಸ್ತನೊಬ್ಬ ಬಿಡಿಸಿದ ಚಿತ್ರದಲ್ಲಿ ಸಾಲಾಗಿ ಏಳು ಕೋಣೆ, ಏಳು ಬಾಗಿಲು. ಈಗ ಎಣಿಸಿದರೆ ಆರೇ ಬಾಗಿಲು. ಆ ಚಿತ್ರ ಬಿಡಿಸಿದ ವರ್ಷದ ಹಾಜರಿ ಪುಸ್ತಕದಲ್ಲಿ ಇಪ್ಪತ್ಮೂರು ಕೂಲಿಗಳ ಮುಂದೆ ಒಂದೇ ದಿನ, ಒಂದೇ ಕೈಬರಹದಲ್ಲಿ 'ಓಡಿಹೋದರು' ಎಂದಿದೆ. ಹೆಸರಿಲ್ಲ, ಅಂಕಿ ಮಾತ್ರ. ಅವರು ಓಡಿಹೋಗಲಿಲ್ಲ, ಆ ಏಳನೆಯ ಕೋಣೆಯಲ್ಲೇ ಉಳಿದರು ಎಂದು ತೋರಿಸಲು ಈಕೆ ಏಳು ವರ್ಷದಿಂದ ಸಾಕ್ಷ್ಯಚಿತ್ರ ಮಾಡುತ್ತಿದ್ದಾರೆ. ಗೋಡೆಗೂ ಕಿವಿಯಿದೆ ಅನ್ನುತ್ತಾರೆ. ಬಾಯಿಯೂ ಇದ್ದಿದ್ದರೆ ಇಷ್ಟು ಪಾಡು ಇರುತ್ತಿರಲಿಲ್ಲ.

ಕ್ಯಾಮೆರಾ, ಧ್ವನಿ, ಸಂಕಲನ, ಚಹಾ ಎಲ್ಲಕ್ಕೂ ಒಬ್ಬರೇ. ವಾರಕ್ಕೆ ಮೂರು ದಿನ ಮದುವೆ ವಿಡಿಯೊ ಎಡಿಟ್ ಮಾಡುತ್ತಾರೆ, ಉಳಿದ ದಿನ ಇಲ್ಲಿರುತ್ತಾರೆ. ಕಾವಲುಗಾರ ಇಟ್ಟ ಹೆಸರು 'ಗೋಡೆ ಮೇಡಂ'. ಹಿಂದಿನ ಚಿತ್ರ ನೋಡಿದವರು ಹತ್ತೊಂಬತ್ತು ಜನ. "ಅದ್ರಲ್ಲಿ ಆರು ಜನ ನಮ್ಮನೆಯವರೇ. ಇನ್ನೊಬ್ರು ಫ್ಯಾನ್ ಇದೆ ಅಂತ ಬಂದು ಕೂತಿದ್ರು," ಎಂದು ನಗುತ್ತಾರೆ.

ಸೋಮವಾರ ಕಟ್ಟಡ ಕೆಡವುತ್ತಾರೆ, ಕಾರು ನಿಲ್ಲಿಸಲು ಜಾಗ ಬೇಕಂತೆ. ಅದಕ್ಕೇ ಕಳೆದ ವಾರ ಆಕೆ ಅಣ್ಣನನ್ನು ಕರೆತಂದರು. ಮೂವತ್ತು ವರ್ಷದಿಂದ ಗಾರೆ ಕೆಲಸ ಮಾಡುವ ಅಣ್ಣ, ಗೋಡೆಯ ಮೇಲೆ ಸಡಿಲಾಗಿದ್ದ ಗಿಲಾವನ್ನು ಕೆರೆದು ನೋಡಿ ಅಲ್ಲೇ ನೆಲಕ್ಕೆ ಕೂತುಬಿಟ್ಟರಂತೆ. ನಾನು ಹೋದ ದಿನವೂ ಅವರ ಮುಖದಲ್ಲಿ ಕಳೆ ಇರಲಿಲ್ಲ.

"ನೋಡಿ, ಇಟ್ಟಿಗೆ ಕೂರಿಸಿದಾಗ ಗಾರೆ ಎರಡೂ ಕಡೆ ಉಕ್ಕುತ್ತೆ. ನಾವು ನಿಂತಿರೋ ಕಡೆ ಕರಣೇಲಿ ಕೆರೆದು ಹಾಕ್ತೀವಿ. ಆಚೆ ಕಡೆ ಕೈ ಹೋಗಲ್ಲ, ಹಾಗೇ ಒಣಗುತ್ತೆ. ಇಲ್ಲಿ ಉಕ್ಕಿ ಒಣಗಿರೋದು ಹೊರಗಡೆ. ಮೇಲಿನ ಗಿಲಾವು ಆಮೇಲೆ ಯಾರೋ ಮೆತ್ತಿದ್ದು. ಕಟ್ಟಿದವನು ಒಳಗಿದ್ದ."

ಆ ಕೋಣೆಗೆ ಬೇರೆ ಬಾಗಿಲಿಲ್ಲ. ಗೋಡೆ ಮೇಲಿಟ್ಟಿದ್ದ ಕೈಯನ್ನು ನಾನು ತೆಗೆದುಬಿಟ್ಟೆ.

"ಹೊರಗಿನಿಂದ ಮುಚ್ಚಿದ್ರು ಅಂತಾನೇ ಇಷ್ಟು ವರ್ಷ ಹೇಳ್ಕೊಂಡು ಬಂದೆ. ನಿರೂಪಣೆನೂ ರೆಕಾರ್ಡ್ ಆಗಿತ್ತು. ಎಲ್ಲಾ ಅಳಿಸಿದೆ," ಎನ್ನುತ್ತಾರೆ ಆಕೆ.

ಅಣ್ಣ ಇಟ್ಟಿಗೆ ಸವರುತ್ತಾರೆ. "ನಡುಗಿದ ಕೈಯಲ್ಲ ಇದು, ಪುಟ್ಟಿ. ಸಾಲು ಎಲ್ಲೂ ಓರೆಯಾಗಿಲ್ಲ. ಹೊರಗಿದ್ದದ್ದು ಅದೆಷ್ಟು ಹೆದರಿಸಿತ್ತೋ."

ಅರ್ಜಿ ಹಿಡಿದು ಚಪ್ಪಲಿ ಸವೆಸಿದ ಮೇಲೆ, ಸೋಮವಾರ ಯಂತ್ರ ಬರುವ ಮುಂಚೆ ಆ ಬಾಗಿಲನ್ನು ಕೈಯಿಂದ ಬಿಚ್ಚಲು ಎರಡು ಗಂಟೆ ಸಿಕ್ಕಿದೆ. ಅಣ್ಣ ಬಿಚ್ಚುತ್ತಾರೆ, ತಂಗಿ ಚಿತ್ರೀಕರಿಸುತ್ತಾರೆ. "ಮೊದಲು ಒಂದ್ಸಲ ತಟ್ತೀನಿ. ಹೇಳ್ದೆ ಕೇಳ್ದೆ ನುಗ್ಗೋದು ಸರಿಯಲ್ಲ," ಎನ್ನುತ್ತಾರೆ ಅಣ್ಣ. ಯಾರೂ ನಗಲಿಲ್ಲ.

ಒಳಗೆ ಏನು ಸಿಗಬಹುದು ಎಂದು ಕೇಳಿದೆ. ಆಕೆ ಚಿತ್ರದ ಕೊನೆಗೆ ಬರುವ ಹೆಸರುಗಳ ಪಟ್ಟಿ ತೋರಿಸಿದರು. ಎಲ್ಲ ಕೆಲಸದ ಮುಂದೆ ಅವರದೇ ಹೆಸರು. ಕಟ್ಟಕಡೆಗೆ 'ಗೋಡೆ ಕೆಲಸ' ಎಂದಿದೆ, ಮುಂದೆ ಖಾಲಿ.

"ಅಣ್ಣನ ಹೆಸರು ಹಾಕೋಣ ಅಂದೆ. ಬೇಡ, ಕಟ್ಟಿದವನು ಒಳಗೇ ಇದ್ದಾನೆ, ಅದು ಅವನ ಜಾಗ ಅಂದ. ಅಲ್ಲೊಂದು ಹೆಸರು ಬರೆಯೋ ಹಾಗಾದ್ರೆ ಸಾಕು, ನಂಗೆ ಬೇರೇನೂ ಬೇಡ."