ಕೊಳೆ ಎಂದು ಅಳಿಸಿದ ಹನ್ನೊಂದು ಫ್ರೇಮ್‌ಗಳು

2016ರ ಮಾರ್ಚ್ ತಿಂಗಳ ಒಂದು ಮಂಗಳವಾರ, ಬೆಳಿಗ್ಗೆ ಹತ್ತು ಇಪ್ಪತ್ತಕ್ಕೆ, ನಾನು ಸ್ಟುಟ್‌ಗಾರ್ಟಿನ ಒಂದು ಸಣ್ಣ ಫಿಲ್ಮ್ ಲ್ಯಾಬಿನಲ್ಲಿ ಸ್ಕ್ಯಾನರಿನ ಎಡಗಡೆ, ಕಿಟಕಿಗೆ ಬೆನ್ನು ಮಾಡಿ ನಿಂತಿದ್ದೆ. ಹೊರಗೆ ಅಂಗಳದಲ್ಲಿ ಅಪಾಯಕಾರಿ ತ್ಯಾಜ್ಯ ಒಯ್ಯುವ ವ್ಯಾನ್ ಬಂದು ನಿಂತಿತ್ತು.

ಬ್ಲೂ ಕಾರ್ಡ್ ಎಂಬ ಕೆಲಸದ ವೀಸಾ ಮೇಲೆ ಜರ್ಮನಿಗೆ ಬಂದು, ಪಕ್ಕದ ಸಿಂಡೆಲ್‌ಫಿಂಗೆನ್‌ನಲ್ಲಿ ಕಾರಿನ ಕ್ಯಾಮೆರಾಗಳಿಗೆ ಸಾಫ್ಟ್‌ವೇರ್ ಬರೆಯುತ್ತಿದ್ದವನು ನಾನು. ಲ್ಯಾಬಿಗೆ ಸೇರಿದಾಗ, ಅಲ್ಲಿ ದೃಶ್ಯದ ಕಲೆ ಅಳಿಸಲು ಬರೆದಿದ್ದ ಫಿಲ್ಟರನ್ನೇ ಹಳೆಯ ಚಿತ್ರಗಳಿಗೆ ಹೊಂದಿಸಿದೆ. ನಿಯಮ ಸರಳ: ಹಿಂದಿನ ಫ್ರೇಮಿನಲ್ಲೂ ಮುಂದಿನದರಲ್ಲೂ ಇಲ್ಲದ್ದು ನಡುವಿನ ಒಂದೇ ಫ್ರೇಮಿನಲ್ಲಿ ಕಂಡರೆ ಅದು ಕೊಳೆ, ಅಳಿಸು. ಜಾಗ ಉಳಿಯಲೆಂದು ಮೂಲ ಸ್ಕ್ಯಾನ್ ಇಟ್ಟುಕೊಳ್ಳದಂತೆ ಸೆಟ್ಟಿಂಗ್ ಮಾಡಿದವನೂ ನಾನೇ.

ಆ ವಾರ ಬಂದದ್ದು ಒಂದು ಅಮೆರಿಕನ್ ಮೂಕಿ ಚಿತ್ರದ ಏಕೈಕ ಪ್ರತಿ. ಅದನ್ನು ನಿರ್ದೇಶಿಸಿದ್ದು ತನ್ನ ಅಜ್ಜಿ ಎಂದು ಮೊಮ್ಮಗಳು ಬರೆದಿದ್ದರು. ಅಜ್ಜಿ ಸ್ಟುಡಿಯೋದಲ್ಲಿ ಶೀರ್ಷಿಕೆ, ಅಂದರೆ ಮೂಕಿ ಚಿತ್ರದ ನಡುನಡುವೆ ತೋರಿಸುವ ಅಕ್ಷರದ ಫಲಕಗಳನ್ನು, ಬರೆಯಲು ಸೇರಿ ನಿರ್ದೇಶಕಿಯಾದವರು. ಹೆಂಗಸರಿಗೆ ಆ ಕೆಲಸ ಸಿಗದಂತಾದ ಮೇಲೆ ಹೊಲಿಗೆ ಅಂಗಡಿ ನಡೆಸಿ ತೀರಿಕೊಂಡರು. ಪ್ರತಿ ಕಳಿಸಿದ್ದ ಫಿಲ್ಮ್ ಆರ್ಕೈವಿನ ಕ್ಯಾಟಲಾಗಿನಲ್ಲಿ ಅವರ ಚಿತ್ರಗಳೆಲ್ಲ ನಟನಾಗಿದ್ದ ಗಂಡನ ಹೆಸರಿನಲ್ಲಿದ್ದವು. ರೀಲಿನಲ್ಲಿ ಅವರ ಹೆಸರು ಸಿಕ್ಕರೆ ಮಾತ್ರ ತಿದ್ದುವುದಾಗಿ ಆರ್ಕೈವಿನವರು ಹೇಳಿದ್ದರು. ನಮ್ಮ ಸ್ಕ್ಯಾನಿನಲ್ಲಿ ಒಂದು ಶೀರ್ಷಿಕೆಯೂ ಇರಲಿಲ್ಲ. "ಹೆಸರಿಲ್ಲ" ಎಂದು ವರದಿ ಕೊಟ್ಟೆ. ಕೊಳೆಯತೊಡಗಿದ ನೈಟ್ರೇಟ್ ಫಿಲ್ಮ್ ತಾನಾಗಿಯೇ ಹೊತ್ತಿಕೊಳ್ಳಬಹುದು; ಆದ್ದರಿಂದ ಸ್ಕ್ಯಾನ್ ಮುಗಿದ ರೀಲು ನಾಶಕ್ಕೆ ಹೊರಟಿತ್ತು.

ಫಿಲ್ಟರ್ ಎಲ್ಲೆಲ್ಲಿ ಏನು ಅಳಿಸಿತೆಂಬ ಲಾಗ್ ನೋಡುತ್ತಿದ್ದ ಮಂಗಳೂರಿನ ಲವೀನಾ, ನಮ್ಮ ಸ್ಕ್ಯಾನಿಂಗ್ ಟೆಕ್ನಿಷಿಯನ್, ತಲೆ ಎತ್ತಿದಳು.

"ಎಂತ ಸರ್ ಇದು? ಹನ್ನೊಂದು ಕಡೆ ಇಡೀ ಫ್ರೇಮೇ ಅಳಿಸಿದೆ ನಿಮ್ಮ ಫಿಲ್ಟರ್. ಕೊಳೆ ಅಷ್ಟು ನೀಟಾಗಿ ಕೂರ್ತದಾ?"

ಅದು ಕೊಳೆಯಲ್ಲ, ಶೀರ್ಷಿಕೆಗಳು. ಹೊರದೇಶಕ್ಕೆ ಕಳಿಸುವ ಪ್ರತಿಗಳಲ್ಲಿ ಮೂಕಿ ಕಾಲದಲ್ಲಿ ಪ್ರತಿ ಶೀರ್ಷಿಕೆಯನ್ನೂ ಒಂದೇ ಫ್ರೇಮಿನಷ್ಟು ಗುರುತಿಗೆ ಇಡುವುದಿತ್ತು. ಅಲ್ಲಿನವರು ಅನುವಾದಿಸಿ ಉದ್ದ ಮಾಡಿಕೊಳ್ಳಬೇಕು. ಇದನ್ನು ಎಲ್ಲೋ ಓದಿದ್ದೆ. ಓದಿಯೂ ಮರೆತಿದ್ದೆ.

"ರೀಲೆಲ್ಲಿ?"

"ವ್ಯಾನಲ್ಲಿ. ಪೇಪರ್ ಸೈನ್ ಆದ್ಮೇಲೆ ಈ ಊರಲ್ಲಿ ದೇವರೂ ವಾಪಸ್ ಕೊಡುದಿಲ್ಲ ಮಾರಾಯ್ರೇ, ಓಡಿ!"

ಅಂಗಳದಲ್ಲಿ ಲ್ಯಾಬಿನ ಮುಖ್ಯಸ್ಥೆ ಫ್ರೌ ಕ್ಲೈನ್ ಚಾಲಕನ ಜೊತೆ ನಿಂತಿದ್ದರು. ಡಬ್ಬಿ ಇಳಿಸಬೇಕೆಂದೆ.

"ಕಾರಣ?"

"ನನ್ನ ತಪ್ಪು. ಶೀರ್ಷಿಕೆಗಳನ್ನು ನನ್ನ ಫಿಲ್ಟರ್ ಅಳಿಸಿದೆ. ವರದಿ ಸುಳ್ಳು."

ಅವರು ನನ್ನನ್ನು ನೋಡಿದರು. "ಬರೆದು ಕೊಡುತ್ತೀರಾ?"

"ಈಗಲೇ."

ಚಾಲಕ ಗೊಣಗುತ್ತ ಡಬ್ಬಿ ಇಳಿಸಿದ.

ಫಿಲ್ಟರ್ ತೆಗೆದು ಮತ್ತೆ ಸ್ಕ್ಯಾನ್ ಮಾಡಿದೆವು. ಅಂಚು ಅಂಟಿಕೊಂಡಿದ್ದ ಸುರುಳಿಯನ್ನು ಲವೀನಾ ಒಂದೂವರೆ ಗಂಟೆ ಕೈಯಲ್ಲೇ ಬಿಡಿಸಿದಳು. ಎರಡನೆಯ ಶೀರ್ಷಿಕೆಯಲ್ಲಿ, ಸೆಕೆಂಡಿನ ಹದಿನಾರರಲ್ಲಿ ಒಂದು ಭಾಗದಷ್ಟು, ಆ ಹೆಸರಿತ್ತು. "ನಿರ್ದೇಶನ" ಎಂಬುದರ ಕೆಳಗೆ, ಆಕೆಯ ಪೂರ್ತಿ ಹೆಸರು. ಆರ್ಕೈವಿನವರು ಕ್ಯಾಟಲಾಗ್ ತಿದ್ದಿದರು. ನಾನು ಬರೆದ ಸಾಫ್ಟ್‌ವೇರುಗಳಿಗಿಂತ ಅಂದು ಬರೆದುಕೊಟ್ಟ ಅರ್ಧ ಪುಟದ ತಪ್ಪೊಪ್ಪಿಗೆಯ ಬಗ್ಗೆ ನನಗೆ ಹೆಚ್ಚು ಹೆಮ್ಮೆ. ಯಂತ್ರ ಬೇಡವೆಂದು ತೆಗೆದದ್ದನ್ನು ಒಮ್ಮೆ ಕಣ್ಣಾರೆ ನೋಡದೆ ಸಹಿ ಹಾಕಬಾರದು. ವೃತ್ತಿ ನನಗೆ ಕಲಿಸಿದ್ದು ಇಷ್ಟು.

ಇದನ್ನು ಕಂಡವರಲ್ಲಿ ಫ್ರೌ ಕ್ಲೈನ್ ನಿವೃತ್ತರಾಗಿ ಬೊಬ್ಲಿಂಗೆನ್‌ನಲ್ಲಿದ್ದಾರೆ. ಲವೀನಾ ಅದೇ ಲ್ಯಾಬಿನಲ್ಲಿದ್ದಾಳೆ. ಮೊಮ್ಮಗಳೂ ಇದ್ದಾರೆ. ಆ ಮೇ ತಿಂಗಳಲ್ಲಿ ಬಂದವರು, ಅಜ್ಜಿಯ ಹೆಸರಿದ್ದ ಆ ಒಂದು ಫ್ರೇಮನ್ನು ಪರದೆಯ ಮೇಲೆ ನಿಲ್ಲಿಸಿ ಎಂದರು. ನಿಲ್ಲಿಸಿದೆ. ಮಧ್ಯಾಹ್ನದ ಊಟದ ಹೊತ್ತಿನವರೆಗೂ ನಾವ್ಯಾರೂ ಚಿತ್ರವನ್ನು ಮುಂದೆ ಓಡಿಸಲಿಲ್ಲ.