ಸ್ಟೂಲಿನ ಮೇಲಿಲ್ಲದ ಕನ್ನಡಕ

ಮೆಂತ್ಯ ಸೊಪ್ಪು ಬಿಡಿಸುತ್ತಾ ಕೂತಿದ್ದಾಗ ಫೋನ್ ಬಂತು. ಪಕ್ಕದ ಮನೆ ಅಜ್ಜನ ಮಗಳು, ಆಸ್ಪತ್ರೆಯಿಂದ. ಎತ್ತಲು ಕೈ ಬರಲಿಲ್ಲ.

ಅಜ್ಜ ಇಂಗ್ಲೆಂಡಿನವರು. ಅಲ್ಲಿ ಸಿನಿಮಾ, ಟಿ.ವಿ.ಯಲ್ಲಿ ಜೀವನವಿಡೀ ಚಿಕ್ಕಪುಟ್ಟ ಪಾತ್ರ ಮಾಡಿ, ವಯಸ್ಸಾದ ಮೇಲೆ ಇಲ್ಲಿ ಅಮೆರಿಕದ ರೆಂಟನ್‌ಗೆ ಮಗಳ ಹತ್ತಿರ ಬಂದವರು. ಪಾದ್ರಿಯೋ ಜಡ್ಜೋ, ಯಾವ ಪಾತ್ರವಾದರೂ ಕಥೆ ಶುರುವಾಗೋದ್ರೊಳಗೆ ಸಾಯುತ್ತಿದ್ದರಂತೆ. ಶುಕ್ರವಾರ ನಾನು ಪ್ರಸಾದ ಕೊಡಲು ಹೋದರೆ, ಕನ್ನಡಕ ತೆಗೆದು ಜೋಪಾನವಾಗಿ ಸ್ಟೂಲಿನ ಮೇಲಿಟ್ಟು, ಎದೆ ಹಿಡಿದುಕೊಂಡು ವರಾಂಡದಲ್ಲಿ ಬೀಳೋರು. ಆಮೇಲೆ ಒಂದೇ ಕಣ್ಣು ಬಿಟ್ಟು, "ಹೇಗಿತ್ತು?" ಅನ್ನೋರು.

"ಪ್ರಸಾದ ತಂದಾಗ ಇದೆಲ್ಲ ಬೇಡ ಅಂಕಲ್," ಅಂತ ನನಗೆ ಬರೋ ಇಂಗ್ಲಿಷಿನಲ್ಲೇ ಗದರುತ್ತಿದ್ದೆ.

"ನೋಡೋರು ಅಂತ ಉಳಿದಿರೋದು ನೀವೊಬ್ಬರೇ," ಅಂತ ನಗೋರು.

ಕಳೆದ ಶುಕ್ರವಾರ ಬೆಳಿಗ್ಗೆ ನಾನು ಹೋಗುವಷ್ಟರಲ್ಲೇ ಬಿದ್ದಿದ್ದರು. "ಚೆನ್ನಾಗಿತ್ತು, ಏಳಿ," ಅಂದು ಡಬ್ಬಿ ಮೆಟ್ಟಿಲ ಮೇಲಿಟ್ಟು ಬಂದುಬಿಟ್ಟೆ. ನಮ್ಮ ಬಾಗಿಲಿಗೆ ಬಂದಾಗ ಹೊಳೆಯಿತು, ಕನ್ನಡಕ ಅವರ ಮುಖದ ಮೇಲೇ ಇತ್ತು. ವಾಪಸ್ ಓಡಿದೆ, ಆಂಬುಲೆನ್ಸ್ ಕರೆಸಿದೆ. ನಡುವೆ ಎಷ್ಟು ಹೊತ್ತು ಹಾಳು ಮಾಡಿದೆನೋ ರಾಯರಿಗೇ ಗೊತ್ತು.

ಕೊನೆಗೂ ಫೋನ್ ಎತ್ತಿದೆ. "ಅಪ್ಪ ಒಂದು ಕಣ್ಣು ಬಿಟ್ಟರು. ಮಾತು ಇನ್ನೂ ಬಂದಿಲ್ಲ," ಅಂದಳು ಮಗಳು.

ಅಷ್ಟಾದರೂ ಕೊಟ್ಟಿರಲ್ಲ ರಾಯರೇ, ಅಂದುಕೊಂಡೆ. ಇನ್ನೊಂದೇ ಒಂದು ಸಲ 'ಹೇಗಿತ್ತು' ಅಂತ ಕೇಳಿಸಿಬಿಡಿ ಅಂತ ಬೇಡಿಕೊಳ್ಳುತ್ತಾ, ಸೊಪ್ಪು ತೊಳೆಯಲು ನಲ್ಲಿ ತಿರುಗಿಸಿದೆ.